ಪ್ಯಾರಿಬಿಯ ಬೆರಳು, ಗೌರಾಬಾಯಿಯ ಹೆಸರು

೧೯೯೯ರ ಬೇಸಿಗೆಯಲ್ಲಿ ಆಳಂದದ ಹಣಮಂತರಾಯರ ದಾಲ್ ಮಿಲ್ಲಿಗೆ ಬೆರಳಚ್ಚು ಓದುವ ಯಂತ್ರ ಬಂತು. ಬೇಳೆ ಹಸನು ಮಾಡುವ ಹೆಂಗಸರು ಅದರ ಗಾಜಿನ ಮೇಲೆ ಹೆಬ್ಬೆರಳಿಟ್ಟರೆ ಮೇಜಿನ ಮೇಲಿನ ಕಂಪ್ಯೂಟರಿನಲ್ಲಿ ಹೆಸರು ಮೂಡಿ ಹಾಜರಿ ಬೀಳಬೇಕು. ಎರಡನ್ನೂ ಕೂಡಿಸುವ ಕೆಲಸ ಕಸ್ತೂರಿಬಾಯಿಯ ಪಾಲಿಗೆ ಬಿತ್ತು. ಮಟಕಿ ಊರಿನ ಈ ಹುಡುಗಿ ಬಸ್ ನಿಲ್ದಾಣದ ಎದುರು ಕಂಪ್ಯೂಟರ್ ಕ್ಲಾಸ್ ನಡೆಸುತ್ತಿದ್ದಳು. ಯಂತ್ರದ ಜೊತೆ ಫ್ಲಾಪಿಯಲ್ಲಿ ಒಂದು ಲೈಬ್ರರಿ ಬಂದಿತ್ತು. ಬೆರಳನ್ನು ಓದಿ ಹೋಲಿಸುವ ಸಿದ್ಧ ಕೋಡು ಅದು. ಅದನ್ನು ತನ್ನ ಹಾಜರಿ ಪ್ರೋಗ್ರಾಮಿಗೆ ಜೋಡಿಸಲು ಅವಳು ಸಾಕಷ್ಟು ಹೆಣಗಿದಳು. ಒಳಗೆ ಏನು ನಡೆಯುತ್ತದೆಂದು ಲೈಬ್ರರಿ ಬಿಟ್ಟುಕೊಡುತ್ತಿರಲಿಲ್ಲ. ಬೆರಳು ಕೊಟ್ಟರೆ ಹೆಸರು ಹೇಳುತ್ತಿತ್ತು, ಅವಳು ನಂಬುತ್ತಿದ್ದಳು.

ಒಂದು ಬೆಳಿಗ್ಗೆ ಆ ಹೆಂಗಸರಲ್ಲಿ ಒಬ್ಬಳಾದ ಪ್ಯಾರಿಬಿ ಬೆರಳಿಟ್ಟಾಗ ಅವಳ ಜೊತೆಗಾತಿ ಗೌರಾಬಾಯಿಯ ಹೆಸರು ಮೂಡಿತು. ಗೌರಾಬಾಯಿ ಅವತ್ತು ಗಾಣಗಾಪುರಕ್ಕೆ ಹೋಗಿದ್ದಳು. ಪ್ಯಾರಿಬಿ ಮತ್ತೊಮ್ಮೆ ಇಟ್ಟಳು, ಈಗ ಅವಳದೇ ಹೆಸರು ಬಂತು. ಪಕ್ಕದಲ್ಲಿದ್ದ, ಲೆಕ್ಕ ಬರೆಯುವ ಮುನೀಮ ಚಂದಪ್ಪ ಎರಡನ್ನೂ ನೋಡಿದ. ಗೆಳತಿಯ ಸುಳ್ಳು ಹಾಜರಿ ಹಾಕಿದ್ದಾಳೆಂದು ಹಣಮಂತರಾಯರು ಎಲ್ಲರೆದುರು ಪ್ಯಾರಿಬಿಯನ್ನು ಕಳ್ಳಿ ಎಂದು ಕರೆದು ಮನೆಗೆ ಕಳಿಸಿದರು. ಆಮೇಲೆ ಕಸ್ತೂರಿಬಾಯಿಯನ್ನು ಕರೆಸಿದರು.

"ಇನ್ನ ಮ್ಯಾಲೆ ಯಾರೂ ಹಿಂಗ ಮೋಸ ಮಾಡಬಾರ್ದು ನೋಡವಾ. ಏನರ ಬಂದೋಬಸ್ತ್ ಮಾಡು."

"ಒಬ್ಬರ ಬೆರಳಿಗೆ ಇನ್ನೊಬ್ಬರ ಹೆಸರು ಹೆಂಗ ಬಂತು ಅನ್ನೋದು ಮೊದಲ ನೋಡ್ತೇನಿ, ಸಾವ್ಕಾರ್ರ."

ಹೆಸರಿನ ಜೊತೆ ಬೆರಳು ಎಷ್ಟು ಹೋಲಿತೆಂಬ ಅಂಕವನ್ನೂ ಲೈಬ್ರರಿಯಿಂದ ಕೇಳಿ ಪಡೆಯಬಹುದಿತ್ತು. ಅವಳು ಅದುವರೆಗೆ ಕೇಳಿರಲಿಲ್ಲ. ಕೇಳಿದಾಗ ತಿಳಿಯಿತು: ಯಂತ್ರ ಮಾರಿದವರು ಎಲ್ಲ ಬೆರಳೂ ಬೇಗ ಒಪ್ಪಿಗೆಯಾಗಲೆಂದು ಅದಕ್ಕೆ ಬೇಕಾದ ಅಂಕವನ್ನು ತೀರ ಕಡಿಮೆ ಇಟ್ಟಿದ್ದರು. ಅರೆಬರೆ ಹೋಲಿದರೂ ಸಾಕು, ಯಾವುದೋ ಹೆಸರು ಹೇಳಿಬಿಡುತ್ತಿತ್ತು.

ಅವಳು ಚಂದಪ್ಪನಿಗೆ ಬೆರಳಿಡಲು ಹೇಳಿದಳು. ಅವನ ಬೆರಳು ಯಂತ್ರದಲ್ಲಿ ದಾಖಲಾಗಿಯೇ ಇರಲಿಲ್ಲ. ಆದರೂ ಬೇಳೆ ಹಸನು ಮಾಡುವ ನಿಂಬೆವ್ವನ ಹೆಸರು ಬಂತು.

"ಈಗ ನೀವು ಇಡ್ರಿ, ಸಾವ್ಕಾರ್ರ."

ಹಣಮಂತರಾಯರು ಧೋತರಕ್ಕೆ ಬೆರಳು ಒರೆಸಿಕೊಂಡು ಇಟ್ಟರು. ಪರದೆಯ ಮೇಲೆ ಗೌರಾಬಾಯಿ ಹಾಜರಾದಳು.

ಕಸ್ತೂರಿಬಾಯಿ ಒಪ್ಪಿಗೆಯ ಅಂಕವನ್ನು ಏರಿಸಿ ಬಿಗಿ ಮಾಡಿದಳು. ಆಗ ಬೇರೆ ತೊಂದರೆ ಎದ್ದಿತು. ವರ್ಷಗಟ್ಟಲೆ ಬೇಳೆ ಆಡಿಸಿ ಗೆರೆ ಸವೆದಿದ್ದ ನಿಂಬೆವ್ವನ ಬೆರಳನ್ನು ಯಂತ್ರ ಗುರುತಿಸಲೇ ಇಲ್ಲ. ಕೊನೆಗೆ, ಮುನೀಮ ಮೊದಲು ಹೆಸರು ಆರಿಸಿದರೆ ಆ ಹೆಸರಿನ ಬೆರಳಿನೊಂದಿಗೆ ಮಾತ್ರ ಹೋಲಿಸುವಂತೆ ಪ್ರೋಗ್ರಾಮನ್ನು ತಿದ್ದಿದಳು. ಆಗಲೂ ಒಪ್ಪದಿದ್ದರೆ ಮುನೀಮನೇ ಮುಖ ನೋಡಿ ಹಾಜರಿ ಹಾಕಬೇಕು.

"ಪ್ಯಾರಿಬಿನ್ನ ನೀನೇ ಕರಕೊಂಡು ಬಾರವಾ," ಎಂದರು ಹಣಮಂತರಾಯರು.

ಪ್ಯಾರಿಬಿ ಅಂಗಳದಲ್ಲಿ ಜೋಳ ಕೇರುತ್ತಿದ್ದಳು. ಎಲ್ಲ ಕೇಳಿದ ಮೇಲೂ ಮೊರ ಕೆಳಗಿಡಲಿಲ್ಲ.

"ಮಂದಿ ಮುಂದ ಅಂದವ್ರು ಅವರು. ಮಂದಿ ಮುಂದ ಅವರೇ ಹೇಳಲಿ. ನಿಮ್ಮ ಕಡಿಂದ ಕೇಳಿ ನಾ ಬರಂಗಿಲ್ರಿ."

ಕಸ್ತೂರಿಬಾಯಿ ಮಿಲ್ಲಿಗೆ ಮರಳಿದಳು. ತಾನು ಮೊದಲೇ ಅಂಕ ಕೇಳಿ ನೋಡಿದ್ದರೆ ಪ್ಯಾರಿಬಿಗೆ ಕಳ್ಳಿ ಎಂಬ ಮಾತು ಬರುತ್ತಿರಲಿಲ್ಲ ಎಂಬುದು ದಾರಿಯುದ್ದಕ್ಕೂ ಕೊರೆಯಿತು. ಪ್ಯಾರಿಬಿ ಹೇಳಿದ್ದನ್ನು ಇದ್ದಂತೆಯೇ ಸಾವ್ಕಾರರಿಗೆ ಮುಟ್ಟಿಸಿದಳು. ಅವರು ಕೇಳದವರಂತೆ ಎದ್ದು ಗೋದಾಮಿಗೆ ಹೋದರು.

ಗಾಣಗಾಪುರದಿಂದ ಮರಳಿದ ಗೌರಾಬಾಯಿ ಸುದ್ದಿ ತಿಳಿದು ಮಿಲ್ಲಿನ ಬಾಗಿಲಲ್ಲೇ ಕೂತುಬಿಟ್ಟಳು. ಅವಳನ್ನು ನೋಡಿ ಉಳಿದ ಹೆಂಗಸರೂ ಒಬ್ಬೊಬ್ಬರಾಗಿ ಕೆಲಸ ಬಿಟ್ಟು ಎದ್ದು ಬಂದರು. ಮಧ್ಯಾಹ್ನದ ಹೊತ್ತಿಗೆ ಹಣಮಂತರಾಯರು ಪ್ಯಾರಿಬಿಯ ಮನೆಗೆ ಆಳು ಕಳಿಸಿ, ತಾವು ಎಲ್ಲರೆದುರು ಮಾತಾಡುವುದಾಗಿ ಹೇಳಿಸಿದರು. ಪ್ಯಾರಿಬಿ ಬಂದು ಹೊಸ್ತಿಲಾಚೆ ನಿಂತಳು.

"ಪ್ಯಾರಿಬಿ ಮೋಸ ಮಾಡಿಲ್ಲ," ಎಂದರು ಅವರು. "ಯಂತ್ರದ್ದು ತಪ್ಪು."

"ಯಂತ್ರ ನನಗ ಕಳ್ಳಿ ಅನ್ಲಿಲ್ರಿ," ಎಂದಳು ಪ್ಯಾರಿಬಿ.

ಹಣಮಂತರಾಯರು ಹೆಗಲ ಮೇಲಿನ ವಲ್ಲಿ ಸರಿಮಾಡಿಕೊಂಡರು. "ಹೌದು. ನಂದೂ ತಪ್ಪಾತು."

"ನಾನೂ ಮೊದಲ ನೋಡಬೇಕಿತ್ತ್ರಿ," ಎಂದಳು ಮೇಜಿನ ಬಳಿಯಿದ್ದ ಕಸ್ತೂರಿಬಾಯಿ. ಪ್ಯಾರಿಬಿ ಅವಳತ್ತ ನೋಡಿ ತಲೆಯಾಡಿಸಿದಳು. ಆಮೇಲೆ ಚಪ್ಪಲಿ ಬಿಟ್ಟು ಒಳಗೆ ಬಂದು ಗೌರಾಬಾಯಿಯ ಜೊತೆ ಕೆಲಸಕ್ಕೆ ಕೂತಳು.