ಬಚ್ಚಲುಮನೆಯ ಕನ್ನಡಿ ಜಾರಿದ್ದು

ನನ್ನ ಗಂಡನ ಮನೆಯವರೆಲ್ಲ ಎತ್ತರದವರು. ಅತ್ತೆ, ಗಂಡ, ಮೈದುನ, ಮೂವರೂ ಬಾಗಿಲಲ್ಲಿ ತಲೆ ತಗ್ಗಿಸಿಯೇ ಒಳಗೆ ಬರುತ್ತಾರೆ. ನಾನೊಬ್ಬಳೇ ಕುಳ್ಳಿ. ಬಚ್ಚಲುಮನೆಯ ಕನ್ನಡಿ ಅವರ ಅಳತೆಗೇ ಇದ್ದದ್ದರಿಂದ, ಮದುವೆಯಾಗಿ ಬಂದಂದಿನಿಂದ ಅದರಲ್ಲಿ ನನಗೆ ಕಂಡದ್ದು ನನ್ನ ಬೈತಲೆಯಷ್ಟೇ. ಮುಖ ನೋಡಬೇಕಾದರೆ ಬಕೆಟ್ ಬೋರಲು ಹಾಕಿ ಹತ್ತಬೇಕು. ಒಮ್ಮೆ ಬಿದ್ದು ಸೊಂಟ ಉಳುಕಿದಾಗ, ಓಡಿ ಬಂದ ಅತ್ತೆ ಮೊದಲು ನೋಡಿದ್ದು ಬಕೆಟ್ ಒಡೆಯಿತೇ ಎಂದು. ಎರಡೂ ಕಾಲು ನೆಲದ ಮೇಲಿಟ್ಟು ನನ್ನ ಮುಖ ನಾನು ನೋಡಿಕೊಳ್ಳಬೇಕು, ಇಷ್ಟೇ ನನ್ನ ಆಸೆ.

ಕೊನೆಗೂ ಕನ್ನಡಿಯ ಸ್ಕ್ರೂಗಳು ತುಕ್ಕು ಹಿಡಿದು ಕಳಚಿಕೊಂಡವು.

"ಈ ಸಲ ಸ್ವಲ್ಪ ಕೆಳಗೆ ಹಾಕೋಣ," ಎಂದೆ.

"ಕನ್ನಡಿಗೆ ಅಂತ ಒಂದು ಜಾಗ ಇರುತ್ತೆ ಕಣಮ್ಮ," ಎಂದರು ಅತ್ತೆ. ಅಲ್ಲಿಗೆ ನನ್ನ ಮಾತು ಮುಗಿಯಿತು. ಟೈಲ್ಸ್‌ಗೆ ಮತ್ತೆ ತೂತು ಬೇಡ, ಅಂಟಿಸುವುದು ಎಂದಾಯಿತು. ಯಾವುದರಿಂದ ಎಂಬಲ್ಲಿ ಅಣ್ಣ ತಮ್ಮ ಜಟಾಪಟಿಗೆ ಬಿದ್ದರು.

"ಬಚ್ಚಲು ಅಂದ್ಮೇಲೆ ಸಿಲಿಕೋನೇ. ನೀರಿಗೆ ಜಗ್ಗಲ್ಲ," ಎಂದ ಮೈದುನ.

"ಅದು ಕೈಗೆ ಮೆತ್ಕೊಂಡ್ರೆ ಜನ್ಮಕ್ಕೂ ಹೋಗಲ್ಲ. ಅಕ್ರಿಲಿಕ್ ಆದ್ರೆ ನೀರಲ್ಲಿ ತೊಳ್ಕೋಬಹುದು, ಮೇಲೆ ಬಣ್ಣಾನೂ ಹೊಡೀಬಹುದು," ಎಂದರು ನನ್ನ ಗಂಡ.

"ಕನ್ನಡಿ ಹಿಂದೆ ಯಾರು ಬಣ್ಣ ಹೊಡೀತಾರೋ?"

"ಅದು ಬೇರೆ ವಿಷಯ."

ತರಲು ಹೊರಟದ್ದು ಮಾತ್ರ ನಾನು. ಗಂಡ ಹೇಳಿದ ಅಕ್ರಿಲಿಕ್ ಕೇಳಿದ್ದಕ್ಕೆ ಹಾರ್ಡ್‌ವೇರ್ ಅಂಗಡಿಯಾಕೆ ಹುಬ್ಬೇರಿಸಿದಳು. "ಟೈಲ್ಸ್ ಮೇಲೆ ಕನ್ನಡಿ ಕೂರಿಸೋಕೆ ಅಕ್ರಿಲಿಕ್ಕಾ? ಬೇಡಮ್ಮ. ಅದರೊಳಗಿನ ನೀರು ಆರಿದ್ರೆ ತಾನೇ ಒಣಗೋದು? ಅಲ್ಲಿ ಗಾಳಿನೇ ಆಡಲ್ಲ. ಹಸಿಯಾಗೇ ಇದ್ದು, ಕನ್ನಡಿ ದಿನಾ ಸ್ವಲ್ಪ ಸ್ವಲ್ಪ ಕೆಳಗೆ ಜಾರುತ್ತೆ."

"ಹಾಗಾದ್ರೆ ಅಕ್ರಿಲಿಕ್ಕೇ ಕೊಡಿ," ಎಂದೆ. "ಜೊತೆಗೆ ಕನ್ನಡಿ ಕೆಡಿಸದೇ ಇರೋ ಸಿಲಿಕೋನೂ ಒಂದು ಇರ್ಲಿ."

ಸಿಲಿಕೋನ್ ಟ್ಯೂಬನ್ನು ಹಿಟ್ಟಿನ ಡಬ್ಬದ ಹಿಂದೆ ಬಚ್ಚಿಟ್ಟು, ಗಂಡನಿಗೆ "ನೀವು ಹೇಳಿದ್ದೇ ಸರಿ" ಎಂದೆ. ಆ ಮಾತು ನನ್ನ ಬಾಯಲ್ಲಿ ಬಂದದ್ದು ಅದೇ ಮೊದಲು. ಮನುಷ್ಯ ಉಬ್ಬಿಹೋದರು. ಕನ್ನಡಿಯನ್ನು ಹಳೇ ಜಾಗದಲ್ಲೇ ಅಂಟಿಸಿ, ಟೇಪ್ ಹಾಕಿ, ಮಾರನೇ ದಿನ ಬಿಚ್ಚಿದರು.

ಕನ್ನಡಿ ಪ್ರಯಾಣ ಹೊರಟಿತು. ಮೊದಲು ನನ್ನ ಹಣೆ ಕಂಡಿತು, ಆಮೇಲೆ ಹುಬ್ಬು, ಆಮೇಲೆ ಕಣ್ಣು. ಗಡ್ಡ ಕೆರೆಯುವಾಗ ದಿನಾ ಸ್ವಲ್ಪ ಸ್ವಲ್ಪ ಬಗ್ಗುತ್ತಿದ್ದದ್ದು ಗಂಡನ ಗಮನಕ್ಕೇ ಬರಲಿಲ್ಲ.

"ನನ್ನ ತಲೇನೇ ಕಾಣ್ತಿಲ್ವಲ್ಲೇ," ಎಂದರು ಅತ್ತೆ.

"ವಾಕಿಂಗ್ ಮಾಡಿ ಮಾಡಿ ನಿಮ್ಮ ಬೆನ್ನು ನೆಟ್ಟಗಾಗಿದೆ ಅತ್ತೆ."

ಅತ್ತೆ ಅದನ್ನು ಪಕ್ಕದ ಮನೆಯಾಕೆಗೂ ಹೇಳಿಕೊಂಡು ಬಂದರು.

ನನ್ನ ಗದ್ದ ಕಂಡ ದಿನ, ಮೂವರೂ ಚಿಕ್ಕತ್ತೆಯ ಮನೆಗೆ ಹೊರಟರು. ನಾನು ತಲೆನೋವೆಂದು ಉಳಿದೆ. ಕನ್ನಡಿ ಸಲೀಸಾಗಿ ಕೈಗೆ ಬಂತು. ಹಸಿ ಅಂಟನ್ನು ಒದ್ದೆ ಬಟ್ಟೆಯಲ್ಲಿ ಒರೆಸಿ, ಒಣಗಿಸಿ, ಸಿಲಿಕೋನ್ ಧಾರಾಳವಾಗಿ ಬಳಿದು, ಅದೇ ಎತ್ತರಕ್ಕೆ ಒತ್ತಿ ಟೇಪ್ ಹಾಕಿದೆ. ಅವರು ಎರಡು ದಿನ ಬಿಟ್ಟು ಬರುವಷ್ಟರಲ್ಲಿ ಟೇಪ್ ಬಿಚ್ಚಿಯೂ ಆಗಿತ್ತು.

ಗಡ್ಡ ಕೆರೆಯಲು ಹೋದ ಗಂಡನಿಗೆ ಕನ್ನಡಿಯಲ್ಲಿ ಕಂಡದ್ದು ಬನಿಯನ್ನು. "ಇದು ಜಾರಿದೆ!" ಎಂದು ಕೂಗಿದರು.

ಮೈದುನ ಓಡಿ ಬಂದ. "ನಾನು ಹೇಳಿರ್ಲಿಲ್ವಾ, ಅಕ್ರಿಲಿಕ್ ಹಿಡಿಯಲ್ಲ ಅಂತ? ಕಿತ್ತು ಮೇಲೆ ಹಾಕೋಣ ಬಿಡು." ಎರಡೂ ಕೈ ಹಾಕಿ ಎಳೆದ. ಜಪ್ಪಯ್ಯ ಅಂದರೂ ಕನ್ನಡಿ ಅಲುಗಾಡಲಿಲ್ಲ.

ಗಂಡನ ಮುಖ ಅರಳಿತು. "ಹಿಡಿಯಲ್ವಾ? ಕೀಳು ನೋಡೋಣ! ಜಾರೋ ಅಂಟು ಹೀಗಿರುತ್ತಾ?"

"ಮತ್ತೆ ಕೆಳಗೆ ಹೇಗೆ ಬಂತು?"

"ಬರೋದೇನು? ನಾನೇ ಇಲ್ಲಿ ಹಾಕಿದ್ದು. ಬೇಕಂತಲೇ."

"ಯಾಕೋ?" ಎಂದರು ಅತ್ತೆ.

ಗಂಡ ಸುತ್ತ ನೋಡಿದರು. ಬಾಗಿಲಲ್ಲಿ ನಿಂತಿದ್ದ ನನ್ನ ಮೇಲೆ ಕಣ್ಣು ಬಿತ್ತು.

"ಇವಳಿಗೆ ಕಾಣ್ಲಿ ಅಂತ," ಎಂದರು.

ಶುದ್ಧ ಸುಳ್ಳು. ಆದರೂ ಇಷ್ಟು ವರ್ಷಗಳಲ್ಲಿ ನನ್ನ ಪರವಾಗಿ ಆ ಮನೆಯಲ್ಲಿ ಒಬ್ಬರು ಬಾಯಿ ಬಿಟ್ಟದ್ದು ಅದೇ ಮೊದಲು. ಮೂವರೂ ಹೋದ ಮೇಲೆ ಕನ್ನಡಿಯ ಮುಂದೆ ನಿಂತೆ. ಎರಡೂ ಕಾಲು ನೆಲದ ಮೇಲಿದ್ದವು. ಕಣ್ಣೀರು ಗದ್ದದವರೆಗೆ ಇಳಿಯುವುದು ಪೂರ್ತಿ ಕಾಣಿಸಿತು.