ಹಗೇವಿನ ಕೊಲೆ

ಚೌಳಹಿರಿಯೂರಿನ ಹಾಲಪ್ಪನ ಜಗುಲಿ ಹತ್ತುವಾಗ ಈರಭದ್ರಪ್ಪನಿಗೆ ಸಿಟ್ಟು ನೆತ್ತಿಗೇರಿತ್ತು. ಅವನ ಅಕ್ಕ ಕಲ್ಲಮ್ಮನ ಮಗಳು ಗಿರಿಜೆಗೂ ಹಾಲಪ್ಪನ ಮಗನಿಗೂ ವೀಳ್ಯ ಬದಲಾಯಿಸಿ ಆಗಿತ್ತು. ಈಗ ಹಾಲಪ್ಪ ಸಂಬಂಧ ಬೇಡವೆಂದು ಅಜ್ಜಂಪುರದಲ್ಲಿದ್ದ ಕಲ್ಲಮ್ಮನಿಗೆ ಹೇಳಿ ಕಳಿಸಿದ್ದ. ಯಾಕೆಂದು ಹೇಳಿರಲಿಲ್ಲ.

"ಏನ್ರೀ ಯಜಮಾನ್ರೆ, ಹೆಣ್ಣು ಅಂದ್ರೆ ಸಂತೇಲಿ ಹಲ್ಲು ನೋಡಿ ಬಿಟ್ಟು ಬರೋ ಎಮ್ಮೆ ಅಂದ್ಕೊಂಡ್ರಾ?"

ಜಗುಲಿಯ ಮೇಲೆ ಏಳೆಂಟು ಜನ ಕೂತಿದ್ದರು. ಹಾಲಪ್ಪ ಸಿಟ್ಟಾಗಲಿಲ್ಲ. ತಾನೇ ಎದ್ದು ಕಂಬಳಿ ಹಾಸಿದ.

"ಕೂತ್ಕಳಿ. ನೀವು ಪುಸ್ತಕ ಬರೆಯೋರು, ದೊಡ್ಡೋರು. ನಿಮ್ಮ ಪುಸ್ತಕ ಕೇಳಿದ ಮೇಲೇ ಕಣ್ರೀ ನಾನು ಬ್ಯಾಡ ಅಂದಿದ್ದು."

ಈರಭದ್ರಪ್ಪ ಕೂತ.

ಪಂಚನಹಳ್ಳಿ ಶಾಲೆಯಲ್ಲಿ ನಾಲ್ಕನೇ ತರಗತಿಗೆ ಓದು ಬಿಟ್ಟವನು ಅವನು. ಬೀರೂರು ಸ್ಟೇಷನ್ನಿನ ಗೂಡ್ಸ್ ಶೆಡ್‌ನಲ್ಲಿ ಮೂಟೆ ಹೊರುತ್ತ, ಪ್ರಯಾಣಿಕರು ಬಿಟ್ಟುಹೋದ ಪತ್ತೇದಾರಿ ಪುಸ್ತಕಗಳನ್ನು ಓದುತ್ತಿದ್ದ. ಒಂದು ದಿನ ಕೊಲೆಗಾರ ಯಾರೆಂದು ಮೊದಲಿಗೇ ತಿಳಿದುಹೋಗಿ, ಪುಸ್ತಕವನ್ನು ಹಳಿಯ ಮೇಲೆ ಬಿಸಾಡಿ, "ಇದಕ್ಕಿಂತ ನಾನೇ ಬರೀತೀನಿ" ಎಂದು ಬೈದ. ಬರೆದೂ ಬಿಟ್ಟ. ಯಾರೂ ಕಲಿಸಲಿಲ್ಲ, ಯಾರೂ ತಿದ್ದಲಿಲ್ಲ. ಬೆಂಗಳೂರಿನ ಅಚ್ಚುಕೂಟದವನೊಬ್ಬ ಅಚ್ಚು ಹಾಕಿದ. ವರ್ಷಕ್ಕೊಂದು ಪುಸ್ತಕ ಬಂತು, ಕಡಲೆಕಾಯಿಯ ಜೊತೆ ಪ್ಲಾಟ್‌ಫಾರಂ ಮೇಲೆ ಮಾರಾಟವಾಯಿತು. ತರೀಕೆರೆಯಲ್ಲಿ ದಾರಿಹೋಕರು ನಿಲ್ಲಿಸಿ ನಮಸ್ಕಾರ ಮಾಡಿದರು. ಕಡೂರಿನ ಅಮಲ್ದಾರರು ಕರೆಸಿ ಕುರ್ಚಿ ಕೊಟ್ಟರು. ಅವನು ಮೂಟೆ ಹೊರುವುದನ್ನು ಬಿಟ್ಟ.

ಈ ಸಲದ್ದು 'ಹಗೇವಿನ ಕೊಲೆ'. ರಾಗಿ ತುಂಬಿಡುವ ನೆಲದೊಳಗಿನ ಹಗೇವನ್ನು ಬಹಳ ದಿನಕ್ಕೆ ತೆರೆದರೆ ಒಳಗೆ ಕೆಟ್ಟ ಗಾಳಿ ನಿಂತಿರುತ್ತದೆ. ಹಗ್ಗಕ್ಕೆ ದೀಪ ಕಟ್ಟಿ ಇಳಿಬಿಟ್ಟು, ಅದು ಉರಿಯುತ್ತಿದ್ದರೆ ಮಾತ್ರ ಮನುಷ್ಯ ಇಳಿಯುತ್ತಾನೆ. ಕಾದಂಬರಿಯಲ್ಲಿ ಹೆಂಡತಿ ದೀಪ ಇಳಿಬಿಡುತ್ತಾಳೆ. ದೀಪ ಆರುತ್ತದೆ. "ಉರೀತಾ ಇದೆ, ಇಳೀರಿ" ಎಂದು ಗಂಡನಿಗೆ ಹೇಳುತ್ತಾಳೆ.

ಕಲ್ಲಮ್ಮನ ಗಂಡ ಸತ್ತದ್ದೂ ಹಗೇವಿನಲ್ಲೇ. ಈರಭದ್ರಪ್ಪ ಹೆಸರು ಬದಲಾಯಿಸಿದ್ದ, ಊರು ಬದಲಾಯಿಸಿದ್ದ. ಹಿತ್ತಲ ಜೋಡಿ ಬೇವನ್ನೂ ಹಗೇವು ಮುಚ್ಚುವ ಚಪ್ಪಡಿಯ ಮೇಲೆ ಮಡಿಸಿಟ್ಟ ಸತ್ತವನ ಹೆಗಲ ವಲ್ಲಿಯನ್ನೂ ಹಾಗೇ ಇಟ್ಟಿದ್ದ. ಅವು ಚೆನ್ನಾಗಿದ್ದವು, ಬಿಡಲು ಮನಸ್ಸಾಗಿರಲಿಲ್ಲ.

"ಅದು ಕಥೆ ಕಣ್ರೀ!"

"ರಟ್ಟಿನ ಮೇಲೆ 'ಕಡೂರು ಸೀಮೆಯಲ್ಲಿ ನಡೆದ ನಿಜ ಸಂಗತಿ' ಅಂತ ಐತಲ್ಲ. ಮೇಷ್ಟ್ರು ಎರಡು ಸಲ ಓದಿದ್ರು."

"ಮಾರಾಟ ಆಗ್ಲಿ ಅಂತ ಹಾಕ್ಸಿದ್ದು. ಸುಳ್ಳು. ಎಲ್ಲಾ ಸುಳ್ಳು!"

ಮೂಲೆಯಲ್ಲಿದ್ದ ಮುದುಕನೊಬ್ಬ ಬಾಯಿಯ ಎಲೆಯಡಿಕೆ ಉಗಿದು ಬಂದ. "ಅಯ್ಯೋ ಶಿವನೇ, ಅಚ್ಚಿನಲ್ಲೂ ಸುಳ್ಳು ಹಾಕ್ತಾರೇನಪ್ಪಾ? ಆ ಪತ್ತೇದಾರನಿಗೋಸ್ಕರ ನಾನು ದೇವರಿಗೆ ಕಾಯಿ ಒಡೆಸಿದ್ದೆ."

ಯಾರೋ ನಕ್ಕರು. ಈರಭದ್ರಪ್ಪನ ಕಿವಿ ಬಿಸಿಯಾಯಿತು.

"ಸರಿ," ಎಂದ ಹಾಲಪ್ಪ. "ನಿಮ್ಮ ಭಾವ ಸತ್ತಾಗ ಪಕ್ಕದಲ್ಲಿ ಯಾರಿದ್ರು?"

"ಅಕ್ಕ ಒಬ್ಬಳೇ. ದೀಪ ತರೋಕೆ ಒಳಗೆ ಹೋಗಿದ್ಲು. ಬರೋದ್ರಲ್ಲಿ ಭಾವ ಇಳಿದ್ಬಿಟ್ಟಿದ್ರು."

"ನೀವು ನೋಡಿದ್ರಾ?"

"ನಾನು ಬೀರೂರಲ್ಲಿದ್ದೆ."

"ಹಂಗಾದ್ರೆ ನಿಮ್ಮಕ್ಕ ಹಂಗೆ ಮಾಡ್ಲಿಲ್ಲ ಅಂತ ನಿಮಗೆ ಹೆಂಗೆ ಗೊತ್ತು?"

ತಟ್ಟನೆ ಬೈಯಬೇಕಿತ್ತು. ಅವನ ಕಣ್ಣಿಗೆ ಬಂದದ್ದು ತಾನು ಬರೆದ ಪುಟ: ಆರಿದ ದೀಪ, ಹಗ್ಗ ಹಿಡಿದ ಹೆಂಗಸಿನ ಕೈ. ಬರೆಯುವಾಗ ಆ ಕೈಗೆ ಅಕ್ಕನ ಬಳೆಯನ್ನೇ ತೊಡಿಸಿದ್ದ, ಮುಖವನ್ನೂ ಅವಳದ್ದೇ ಇಟ್ಟಿದ್ದ. ಎಷ್ಟು ಚೆನ್ನಾಗಿ ಬಂತೆಂದು ಅಂದು ತೊಡೆ ತಟ್ಟಿಕೊಂಡಿದ್ದ.

ಅವನು ತಡಮಾಡಿದ್ದನ್ನು ಜಗುಲಿಯವರೆಲ್ಲ ನೋಡಿದರು.

"ನನ್ನಕ್ಕ ಅಂಥೋಳಲ್ಲ!" ಎಂದು ಆಮೇಲೆ ಕೂಗಿದ. ಕೂಗಿ ಏನು ಬಂತು.

ಹಾಲಪ್ಪ ಒಳಗೆ ಹೋಗಿ ಹೆಂಡತಿಯ ಜೊತೆ ಮಾತಾಡಿ ಬಂದ. "ಹುಡುಗಿ ಏನು ಮಾಡಿದ್ದಾಳೆ, ಪಾಪ. ತಂದ್ಕೊಳ್ತೀವಿ. ಮದುವೆ ನಮ್ಮನೇಲೇ ಆಗ್ಲಿ. ಆದ್ರೆ ನಿಮ್ಮಕ್ಕ ಈ ಹೊಸ್ತಿಲು ತುಳಿಯೋದು ಬ್ಯಾಡ. ಇವತ್ತಿಗೂ, ಯಾವತ್ತಿಗೂ."

ಈರಭದ್ರಪ್ಪ ಎದ್ದು ಅಂಗಳದವರೆಗೆ ಹೋದ. ಮುರಿದ ವೀಳ್ಯದ ಹುಡುಗಿಯನ್ನು ಈ ಸೀಮೆಯಲ್ಲಿ ಇನ್ಯಾರು ಕೇಳಿಕೊಂಡು ಬರುತ್ತಾರೆ? ತಿರುಗಿ ಬಂದು "ಆಗ್ಲಿ" ಎಂದ.

ಅಜ್ಜಂಪುರದಲ್ಲಿ ಕಲ್ಲಮ್ಮ ಹಿತ್ತಲಲ್ಲಿ ರಾಗಿ ಕೇರುತ್ತಿದ್ದಳು. ಅವಳಿಗೆ ಓದು ಬಾರದು. ತಮ್ಮನ ಪುಸ್ತಕಗಳನ್ನು ದೇವರ ಗೂಡಿನ ಪಕ್ಕ ಜೋಡಿಸಿಟ್ಟಿದ್ದಳು. ಅವನು ನಿಂತುಕೊಂಡೇ ಎಲ್ಲ ಹೇಳಿದ.

"ಅದ್ರಲ್ಲಿ ನಾನು ಏನ್ ಮಾಡ್ತೀನಿ?" ಎಂದು ಕೇಳಿದಳು.

"ದೀಪ ಆರಿದ್ದನ್ನ... ಹೇಳಲ್ಲ."

ಮೊರ ನಿಂತಿತು.

"ಅವರು ಇಳಿದ್ಮೇಲೆ ದೀಪ ಹಿಡ್ಕೊಂಡು ಹಗೇವಿನ ಬಾಯಲ್ಲಿ ನಿಂತಿದ್ದೆ ಅಂತ ನಿಂಗೊಬ್ಬನಿಗೇ ಕಣೋ ನಾನು ಹೇಳಿದ್ದು."

"ಬೈಯಕ್ಕ. ಎರಡು ಏಟು ಹಾಕು."

"ನೀನು ಹಗುರಾಗೋಕಾ? ಹೋಗೋ." ಅವಳು ಮತ್ತೆ ಮೊರ ಎತ್ತಿದಳು. "ಸೋದರಮಾವ ನೀನು, ಮುಂದೆ ನಿಂತು ಮಾಡ್ಸು. ನಾಳೆ ಬರ್ತೀನಿ ಅಂತ ಹೇಳಿ ಗಿರಿಜೇನ ಗಾಡಿ ಹತ್ತಿಸ್ತೀನಿ. ಅಲ್ಲಿ ಕೇಳಿದ್ರೆ ನೀನೇ ಏನಾದ್ರೂ ಹೇಳು. ಬರುತ್ತಲ್ಲ ನಿಂಗೆ, ಇಲ್ಲದ್ದು ಹೇಳೋಕೆ."

ಧಾರೆಯ ದಿನ ಬಾಸಿಂಗ ಕಟ್ಟುವ ಮೊದಲು ಗಿರಿಜೆ ಅವನ ತೋಳು ಹಿಡಿದಳು. "ಮಾವ, ಅವ್ವ ಎಲ್ಲಿ? ಗಾಡಿ ಬರ್ಲಿಲ್ವಾ?"

"ಜ್ವರ ಕಣೇ," ಎಂದ. ಅಷ್ಟಕ್ಕೆ ನಿಲ್ಲಿಸಬಹುದಿತ್ತು. "ಎರಡು ಕಂಬಳಿ ಹೊದ್ರೂ ನಡುಕ. ಪಕ್ಕದ ಮನೆಯೋಳು ಮೆಣಸಿನ ಕಷಾಯ ಕುಡಿಸ್ತಾ ಇದ್ಲು. ಆದ್ರೂ ಗಾಡಿ ಹತ್ತಕ್ಕೆ ಎದ್ದು ಸೀರೆ ಉಟ್ಕೊಂಡ್ಬಿಟ್ಟಿದ್ಲು, ನಾನೇ ಬೈದು ಮಲಗಿಸಿ ಬಂದೆ."

ಗಿರಿಜೆ ಕಣ್ಣೊರೆಸಿಕೊಂಡು, ಅಳುವಿನಲ್ಲೇ ಸ್ವಲ್ಪ ನಕ್ಕಳು. "ನಮ್ಮವ್ವ ಹಂಗೇ," ಎಂದಳು.

ಊಟದ ಹೊತ್ತಿಗೆ ಹಾಲಪ್ಪ ಕೂಗಿದ: "ಪುಸ್ತಕದೋರನ್ನ ಮೊದಲ ಪಂಕ್ತಿಗೆ ಕರೀರಪ್ಪಾ!" ಜನ ಸರಿದು ಜಾಗ ಮಾಡಿದರು. ಅವನು ಹೋಗಿ ಕೂತ.