ಇದು ಟೆಸ್ಟ್, ಉತ್ತರ ಬೇಡ

ರಾಧಾಮಣಿ ಕೆಲಸವನ್ನು ಸರಿಯಾಗಿ ಮಾಡಿದಷ್ಟೂ ಅವಳ ಕೋಣೆಗೆ ಯಾರೂ ಬರುತ್ತಿರಲಿಲ್ಲ. ಇದೆಂಥ ನ್ಯಾಯವೋ ಆ ದೇವರೇ ಬಲ್ಲ! ಬಿಡದಿ ಕೈಗಾರಿಕಾ ಪ್ರದೇಶದಲ್ಲಿ ಕಾರಿನ ರಬ್ಬರ್ ಬುಷ್ ಮಾಡುವ ಕಂಪನಿ ಅದು. ಊರೆಲ್ಲ ತಮ್ಮ ಈಮೇಲನ್ನು ದೊಡ್ಡ ಕಂಪನಿಗಳಿಗೆ ಒಪ್ಪಿಸಿ ಹಾಯಾಗಿರುವ ಈ ಕಾಲದಲ್ಲೂ ಇಲ್ಲಿನ ಮಾಲೀಕರು 'ನಮ್ಮನೆ ಮಾತು ಬೇರೆಯವರ ಅಟ್ಟದಲ್ಲಿ ಯಾಕಿರಬೇಕು' ಎಂದು ಸ್ವಂತ ಮೇಲ್ ಸರ್ವರ್ ಇಟ್ಟುಕೊಂಡಿದ್ದರು. ಅದಕ್ಕೊಂದು ಕಿಟಕಿಯಿಲ್ಲದ ಕೋಣೆ, ಒಂದು ಏಸಿ, ನೋಡಿಕೊಳ್ಳಲು ಒಬ್ಬಳು ರಾಧಾಮಣಿ. ಮೇಲು ಓಡುತ್ತಿದ್ದರೆ ಅವಳೊಬ್ಬಳು ಇದ್ದಾಳೆಂಬುದೇ ಜನಕ್ಕೆ ಮರೆತುಹೋಗುತ್ತಿತ್ತು.

ಮನೆಯಲ್ಲೂ ಅಷ್ಟೇ. ರಾಮನಗರದಲ್ಲಿ ಬಾಡಿಗೆಯ ಒಂದು ಕೋಣೆ, ಒಂದು ಅಡಿಗೆಮನೆ. ಮದುವೆ ಆಗಲಿಲ್ಲ, ಯಾಕಾಗಲಿಲ್ಲ ಎಂದು ಕೊರೆಯುತ್ತಿದ್ದವರೂ ಈಗ ಕೇಳುವುದನ್ನು ಬಿಟ್ಟಿದ್ದರು. ಮಾಗಡಿ ಕಡೆ ಇದ್ದ ಅಣ್ಣ ಹಬ್ಬಕ್ಕೆ ಕರೆಯುತ್ತಿದ್ದ. ಹೋದರೆ ಅತ್ತಿಗೆ ನೀರು ಕೊಡುವ ಮೊದಲೇ "ವಾಪಸ್ ಯಾವತ್ತು ಹೊರಡ್ತೀಯಾ?" ಎನ್ನುತ್ತಿದ್ದಳು. ಈ ದಸರಾಕ್ಕೆ ರಾಧಾಮಣಿ ಹೋಗಲಿಲ್ಲ.

ಸರ್ವರ್ ಕೆಟ್ಟು ರಿಪೇರಿಯಾದಾಗಲೆಲ್ಲ ಕಂಪನಿಯ ಎಲ್ಲರಿಗೂ ಒಂದು ಮೇಲು ಹಾಕುವುದು ಅವಳ ಪದ್ಧತಿ. 'ಇದು ಟೆಸ್ಟ್. ಉತ್ತರ ಬೇಡ.' ವರ್ಷಾನುಗಟ್ಟಲೆ ಹೀಗೇ ಕಳಿಸಿದ್ದಳು. ಒಬ್ಬರೂ ಉತ್ತರ ಕೊಟ್ಟವರಲ್ಲ. ಬೇಡ ಅಂದಮೇಲೆ ಯಾರು ತಾನೇ ಕೊಡುತ್ತಾರೆ?

ಆಯುಧಪೂಜೆ ಹತ್ತಿರ ಬಂತು. ಕಾರ್ಖಾನೆಯ ಶಾಪ್‌ನಲ್ಲಿ ಪ್ರೆಸ್ಸು, ಲೇತು, ಫೋರ್ಕ್‌ಲಿಫ್ಟು ಎಲ್ಲ ಮೈ ತೊಳೆಸಿಕೊಂಡು ನಿಂತವು. ರಾಧಾಮಣಿಗೂ ಹುರುಪು ಬಂದು ಸರ್ವರಿನ ಒಳಗಿನ ಕಸ ಗುಡಿಸಲು ಕೂತಳು. ಅದರಲ್ಲಿ ಲೈಬ್ರರಿ ಫೈಲುಗಳು ಅಂತ ಇರುತ್ತವೆ. ವಠಾರಕ್ಕೆಲ್ಲ ಒಂದೇ ಒರಳುಕಲ್ಲು ಇದ್ದ ಹಾಗೆ, ಮೇಲು ಕಳಿಸುವ ಪ್ರೋಗ್ರಾಮು, ತರಿಸಿಕೊಳ್ಳುವ ಪ್ರೋಗ್ರಾಮು, ಪಾಸ್‌ವರ್ಡ್ ನೋಡುವ ಪ್ರೋಗ್ರಾಮು ಎಲ್ಲವೂ ಅದೇ ಫೈಲನ್ನು ಬಳಸಿ ಕೆಲಸ ಮುಗಿಸಿಕೊಳ್ಳುತ್ತವೆ. ಅಂಥದ್ದೊಂದು ಹಳೇ ನಂಬರಿನ ಫೈಲು ಕಣ್ಣಿಗೆ ಬಿತ್ತು. ಪಕ್ಕದಲ್ಲೇ ಹೊಸ ನಂಬರಿನದು ಇತ್ತು. ಹಳೆಯದು ಇನ್ಯಾರಿಗೆ ಬೇಕು ಎಂದುಕೊಂಡು, ಎಂದಿನಂತೆ ಪೆನ್‌ಡ್ರೈವಿಗೊಂದು ಕಾಪಿ ಹಾಕಿ, ಅದನ್ನು ಅಳಿಸಿಬಿಟ್ಟಳು.

ಏನೂ ಆಗಲಿಲ್ಲ. ಆಗುವುದಾದರೂ ಹೇಗೆ? ಓಡುತ್ತಿರುವ ಪ್ರೋಗ್ರಾಮು ತನಗೆ ಬೇಕಾದ ಫೈಲನ್ನು ಮೊದಲೇ ಹಿಡಿದುಕೊಂಡಿರುತ್ತದೆ. ಹೊರಗೆ ಅಳಿಸಿದರೂ ಕೈ ಬಿಡುವುದಿಲ್ಲ. ಒಮ್ಮೆ ನಿಂತು ಮತ್ತೆ ಏಳುವಾಗಲೇ ಎಲ್ಲಿ ನನ್ನ ಫೈಲು ಎಂದು ಹುಡುಕುವುದು. ಆ ಸರ್ವರೋ, ಫೈಲು ಅಳಿಸಿದ ಮೇಲೆ ಒಮ್ಮೆಯೂ ನಿಂತಿರಲಿಲ್ಲ.

ಪೂಜೆಯ ದಿನ ಆಫೀಸ್ ಮ್ಯಾನೇಜರ್ ಮುನಿರಾಮಯ್ಯನವರು ಮಂಗಳಾರತಿ ತಟ್ಟೆಯ ಹಿಂದೆ ಬಂದವರು ಸರ್ವರಿನ ದೀಪ ಮಿನುಗುವುದನ್ನು ನೋಡಿ ಕಣ್ಣು ಕೆಂಪಗೆ ಮಾಡಿದರು.

"ಏನಮ್ಮಾ, ಇದ್ನ ಆಫ್ ಮಾಡಿಲ್ವಾ? ಹಬ್ಬದ್ ದಿನ ಎತ್ಗೂ ನೊಗ ಇಳಿಸ್ತಾರೆ ಕಣಮ್ಮ. ಇದ್ಕೂ ಒಸಿ ರೆಸ್ಟ್ ಬ್ಯಾಡ್ವಾ?"

"ಸಾರ್, ಇದು ಓಡ್ತಾನೇ ಇರ್ಬೇಕು..."

"ಪೂಜೆಗಿಟ್ಟ ಆಯುಧ ಓಡ್ತಾ ಇದ್ರೆ ಅದ್ಯಾವ್ ಸೀಮೆ ಪೂಜೆ? ಆಫ್ ಮಾಡು, ಆಫ್ ಮಾಡು."

ಆಫ್ ಮಾಡಿದಳು. ಸರ್ವರಿಗೆ ವಿಭೂತಿ, ಕುಂಕುಮ, ಚೆಂಡುಹೂವಿನ ಹಾರ ಬಿತ್ತು. ಗೇಟಿನಲ್ಲಿ ಬೂದುಗುಂಬಳಕಾಯಿ ಒಡೆದರು. ಎಲ್ಲರ ಕೈಗೂ ಕಡ್ಲೆಪುರಿ, ಸ್ವೀಟಿನ ಪೊಟ್ಟಣ ಬಂತು.

ರಜೆ ಮುಗಿದು ಬಂದು ಆನ್ ಮಾಡಿದರೆ ಮೇಲು ಏಳಲೇ ಇಲ್ಲ. ಪರದೆಯ ಮೇಲೆ ಅದೇ ಹಳೇ ಫೈಲಿನ ಹೆಸರು, ಸಿಗುತ್ತಿಲ್ಲ ಎಂಬ ದೂರು. ತಾನೇ ಅಳಿಸಿದ್ದು ರಾಧಾಮಣಿಗೆ ನೆನಪಾಯಿತು. ಅಯ್ಯೋ ನನ್ನ ಬುದ್ಧಿಗಿಷ್ಟು ಎಂದು ಹಣೆ ಚಚ್ಚಿಕೊಂಡು ಬ್ಯಾಗಿಗೆ ಕೈ ಹಾಕಿದಳು. ಪೆನ್‌ಡ್ರೈವ್ ಸಿಕ್ಕಿತು. ಫೈಲನ್ನು ಅದರ ಜಾಗಕ್ಕೆ ವಾಪಸ್ ಹಾಕಿದರೆ ಮುಗಿಯಿತು, ಚಿಟಿಕೆ ಹೊಡೆಯುವಷ್ಟರ ಕೆಲಸ.

ಅಷ್ಟರಲ್ಲಿ ಬಾಗಿಲು ತೆರೆಯಿತು. ಮುನಿರಾಮಯ್ಯನವರು ಬಂದರು. ಅವರ ಹಿಂದೆ ಅಕೌಂಟ್ಸಿನವರು, ಡಿಸ್ಪ್ಯಾಚಿನವರು. ಮೇಲಿಲ್ಲದೆ ಯಾರಿಗೂ ಕೆಲಸವಿರಲಿಲ್ಲ. ಏಸಿ ತಂಪಾಗಿದೆ ಎಂದು ಕುರ್ಚಿ ಎಳೆದುಕೊಂಡು ಕೂತರು. ಕ್ಯಾಂಟೀನಿನಿಂದ ಟೀ ಬಂತು, ವಡೆ ಬಂತು. ಒಬ್ಬರು ಸಾವನದುರ್ಗ ಹತ್ತಿ ಮಂಡಿ ಹಿಡಿಸಿಕೊಂಡ ಕತೆ ಹೇಳಿದರು, ಎಲ್ಲರೂ ನಕ್ಕರು, ರಾಧಾಮಣಿಯೂ ನಕ್ಕಳು. "ಹಬ್ಬಕ್ಕೆ ಏನ್ ಮಾಡಿದ್ರಿ ಮೇಡಂ?" ಎಂದು ಯಾರೋ ಕೇಳಿದರು. ಅವಳನ್ನು! ಒಬ್ಬಟ್ಟು ಮಾಡಿದ್ದೆ ಎಂದು ಸುಳ್ಳು ಹೇಳಿದಳು. ಪೆನ್‌ಡ್ರೈವ್ ಬ್ಯಾಗಿನಲ್ಲೇ ಉಳಿಯಿತು, ಕೈ ಮಾತ್ರ ಹೊರಗೆ ಬಂತು.

ಬಯ್ಯಬೇಡಿ ಅವಳನ್ನು. ಹಸಿದವಳ ಮುಂದೆ ಎಲೆ ಹಾಕಿ, ತಕ್ಷಣ ಏಳು ಅಂದರೆ ಎದ್ದಾಳೆ?

ಟೀ ಮುಗಿದು ಒಬ್ಬೊಬ್ಬರೇ ಎದ್ದರೂ ಪರ್ಚೇಸಿನ ಅತಿಯಾ ಏಳಲಿಲ್ಲ. ಚನ್ನಪಟ್ಟಣದ ಹುಡುಗಿ, ಅಪ್ಪ ಬೊಂಬೆಗೆ ಅರಗು ಹಚ್ಚುವವರು. ಈಚೆಗೆ ಮದುವೆಯಾಗಿ, ಗಂಡ ಹೊಸೂರಿನಲ್ಲಿ, ಇವಳು ತವರಿನಲ್ಲಿ. ಹೊಸೂರಿನ ಯೂನಿಟ್ಟಿಗೆ ವರ್ಗ ಕೇಳಿದ್ದಳು.

"ಅಕ್ಕಾ, ಮೇಲ್ ಸರಿ ಹೋಗ್ತದಾ?" ಎಂದು ಸ್ಟೂಲನ್ನು ಹತ್ತಿರ ಎಳೆದಳು. "ಹೊಸೂರಿಂದ ಫೋನ್ ಬಂದಿತ್ತು. ವರ್ಗದ ಆರ್ಡರ್ ಈಮೇಲಲ್ಲಿ ಕಳಿಸವ್ರಂತೆ. ಸಾಯಂಕಾಲದೊಳ್ಗೆ ಕಂಪನಿ ಮೇಲ್ ಐಡಿಯಿಂದ್ಲೇ ಒಪ್ಪಿಗೆ ಹಾಕ್ಬೇಕಂತೆ. ಇಲ್ದಿದ್ರೆ ಆ ಜಾಗ ಬೇರೆಯವ್ರಿಗೆ ಕೊಡ್ತಾರಂತೆ."

"ನೋಡ್ತೀನಿ ಇರು," ಎಂದಳು ರಾಧಾಮಣಿ.

ಫೈಲು ಹಾಕಿದರೆ ಅತಿಯಾ ಹೋಗುತ್ತಾಳೆ. ಹಾಕದಿದ್ದರೆ ಇಲ್ಲೇ ಇರುತ್ತಾಳೆ, ಯಾಕೆಂದು ಯಾರಿಗೂ ತಿಳಿಯುವುದಿಲ್ಲ. ರಾಧಾಮಣಿ ಸುಮ್ಮಸುಮ್ಮನೆ ಕೀಲಿಗಳನ್ನು ಕುಟ್ಟುತ್ತಾ ಕೂತಳು. ಪಕ್ಕದಲ್ಲಿ ಅತಿಯಾ ಮದುವೆಯ ಫೋಟೋ ತೋರಿಸಿದಳು, ಅತ್ತೆಯನ್ನು ಅಣಕಿಸಿದಳು, ಮಧ್ಯೆ ಮಧ್ಯೆ ಗಡಿಯಾರ ನೋಡಿದಳು. ಊಟದ ಹೊತ್ತಿಗೆ ಡಬ್ಬಿ ಬಿಚ್ಚಿ ಕುಸ್ಕಾವನ್ನು ಅರ್ಧ ಮಾಡಿ ಮುಚ್ಚಳಕ್ಕೆ ಹಾಕಿಕೊಟ್ಟಳು. ಆ ಕೋಣೆಯಲ್ಲಿ ರಾಧಾಮಣಿ ಇನ್ನೊಬ್ಬರ ಜೊತೆ ಉಂಡದ್ದು ಅದೇ ಮೊದಲು. ತುತ್ತು ಎಷ್ಟು ರುಚಿಯಾಗಿತ್ತೋ ಅಷ್ಟೇ ಕಷ್ಟದಲ್ಲಿ ಇಳಿಯುತ್ತಿತ್ತು.

ಮುನಿರಾಮಯ್ಯನವರು ಮತ್ತೆ ಬಾಗಿಲಲ್ಲಿ ಕಾಣಿಸಿಕೊಂಡರು. "ಏನಮ್ಮಾ ಇದು, ಊಟ ಬೇರೆ ನಡೀತೈತೆ! ಬೆಳಗ್ಗಿಂದ ಏನ್ ಕಡಿದ್ ಗುಡ್ಡೆ ಹಾಕ್ದೆ?"

ರಾಧಾಮಣಿ ಬಾಯಿ ತೆರೆಯುವ ಮೊದಲೇ ಅತಿಯಾ ಎದ್ದು ನಿಂತಳು. "ಸಾರ್, ಅಕ್ಕ ಬೆಳಗ್ಗಿಂದ ಕುಂತ ಜಾಗ ಬಿಟ್ಟಿಲ್ಲ. ನಾನೇ ನೋಡ್ತಿದೀನಲ್ಲ. ಉಣ್ಣೋವಾಗ ಬಯ್ಯಬಾರ್ದು ಸಾರ್."

ಅವರು ಗೊಣಗಿಕೊಂಡು ಹೋದರು. ಅತಿಯಾ ಕೂತು, ಕುಸ್ಕಾ ಕಲೆಸುತ್ತಾ ಮೆಲ್ಲಗೆ ಹೇಳಿದಳು: "ಇವತ್ತಾಗ್ದಿದ್ರೂ ಬೇಜಾರ್ ಮಾಡ್ಕೋಬೇಡಿ ಅಕ್ಕಾ. ನಿಮ್ಮದೇನ್ ತಪ್ಪೈತೆ? ನನ್ನ ನಸೀಬಲ್ಲಿ ಇಲ್ಲ ಅಂದ್ಕೋತೀನಿ."

ಹೇಳಿ ಮುಗಿಸುವಷ್ಟರಲ್ಲಿ ಅವಳ ಕಣ್ಣು ತುಂಬಿತ್ತು. ರಾಧಾಮಣಿಗೆ ತನ್ನ ಮೇಲೆ ತನಗೇ ಹೇಸಿಗೆಯಾಯಿತು. ಕೈಯನ್ನೂ ತೊಳೆಯದೆ, ಎಡಗೈಯಲ್ಲೇ ಬ್ಯಾಗಿನಿಂದ ಪೆನ್‌ಡ್ರೈವ್ ಎಳೆದು ಸರ್ವರಿಗೆ ಚುಚ್ಚಿದಳು. ಫೈಲು ತನ್ನ ಜಾಗಕ್ಕೆ ಹೋಗಿ ಕೂತಿತು. ಮೇಲು ಎದ್ದಿತು.

ಹೊರಗಿನ ಹಾಲಿನಲ್ಲಿ ಫೋನುಗಳೆಲ್ಲ ಒಟ್ಟಿಗೆ ಟಣ್ ಟಣ್ ಎಂದವು. "ಬಂತು, ಬಂತು!" ಎಂದು ಯಾರೋ ಕೂಗಿದರು. ಅತಿಯಾ ಓಡಿದಳು. ಒಸಿ ಹೊತ್ತಿಗೆ ಓಡಿ ಬಂದು ರಾಧಾಮಣಿಯ ಕೊರಳನ್ನು ತಬ್ಬಿದಳು. "ಒಪ್ಪಿಗೆ ಹಾಕ್ದೆ ಅಕ್ಕಾ! ಮುಂದಿನ ವಾರವೇ ಬಾ ಅಂದವ್ರೆ. ಸಾರನ್ನ ಕೇಳ್ಬಿಟ್ಟು ಈಗ್ಲೇ ಮನೆಗೆ ಹೊಂಟೆ, ಅಮ್ಮಂಗೆ ಹೇಳ್ಬೇಕು." ಹೇಳಿದವಳೇ ಹೊರಟುಹೋದಳು. ಡಬ್ಬಿಯ ನೆನಪೂ ಅವಳಿಗಿರಲಿಲ್ಲ.

ಕೋಣೆಯಲ್ಲಿ ಖಾಲಿ ಕುರ್ಚಿಗಳು, ಟೀ ಲೋಟಗಳು, ಬಾಡಿದ ಚೆಂಡುಹೂವು ಉಳಿದವು. ರಾಧಾಮಣಿ ಕೈ ತೊಳೆದು ಬಂದು ಎಂದಿನಂತೆ ಎಲ್ಲರಿಗೂ ಮೇಲು ಬರೆಯಲು ಕೂತಳು. 'ಇದು ಟೆಸ್ಟ್.' ಎಂದು ಬರೆದಳು. ಬೆರಳು ಅಲ್ಲೇ ನಿಂತಿತು. ಉತ್ತರ ಬೇಡ ಎಂಬುದನ್ನು ಈ ಸಲ ಬರೆಯಲಿಲ್ಲ. ಹಾಗೇ ಕಳಿಸಿ, ಪರದೆ ನೋಡುತ್ತಾ ಕಾದಳು.

ಹಾಲಿನಲ್ಲಿ ಮೇಲು ಹೋಗಿ ಸೇರಿದ ಸದ್ದು ಅವಳಿಗೆ ಕೇಳಿಸಿತು. ಎಲ್ಲರೂ ನೋಡಿರಬೇಕು. ಆದರೆ ಉತ್ತರ ಕೊಡದಿರುವುದನ್ನು ಅವರಿಗೆ ಕಲಿಸಿದವಳು ಅವಳೇ ಅಲ್ಲವೇ? ಆಫೀಸು ಬಿಡುವವರೆಗೂ ಕಾದಳು. ಒಂದೂ ಬರಲಿಲ್ಲ.

ಎದ್ದು ಅತಿಯಾಳ ಡಬ್ಬಿಯನ್ನು ಸೋಪು ಹಾಕಿ ತೊಳೆದು ಒರೆಸಿದಳು. ಡಬ್ಬಿಯನ್ನು ಬರಿದಾಗಿ ವಾಪಸು ಕೊಡಬಾರದು. ಪೂಜೆಯ ದಿನ ಕೊಟ್ಟಿದ್ದ ಕಡ್ಲೆಪುರಿ ಮೇಜಿನ ಡ್ರಾದಲ್ಲಿ ಹಾಗೇ ಇತ್ತು. ಅದನ್ನು ತುಂಬಿ ಮುಚ್ಚಳ ಹಾಕಿದಳು. ಪರ್ಚೇಸಿನ ಮೇಜಿನ ಮೇಲೆ ಇಟ್ಟು ಹೋಗೋಣವೆಂದು ಬಾಗಿಲವರೆಗೆ ಹೋದವಳು ಏನೋ ಯೋಚಿಸಿ ಹಿಂದಿರುಗಿ, ಡಬ್ಬಿಯನ್ನು ತನ್ನ ಮೇಜಿನ ಮೇಲೇ ಇಟ್ಟಳು. ಇಲ್ಲಿದ್ದರೆ, ಅದನ್ನು ಇಸಕೊಳ್ಳಲಾದರೂ ನಾಳೆ ಅತಿಯಾ ಈ ಕೋಣೆಗೆ ಬರಬೇಕಲ್ಲ.